ಸಿರಿಲ್ ಸ್ವಾಮಿಯ ಪತ್ರಗಳು – ಏಳನೆಯ ಕಂತು: ಅರ್ಧ ಕೆಂಪು, ಅರ್ಧ ಬಿಳಿ

"ಏಣಿ ಗಟ್ಟಿ ಹಿಡೀರಿ ಸೌಭಾಗ್ಯಾ! ನಾ ಬಿದ್ದರ ಪತ್ರ ಹುಡುಕೂದು ಬಿಟ್ಟು ನನ್ನ ಹಲ್ಲು ಹುಡುಕಬೇಕಾಗ್ತೈತಿ."

ಏಣಿ ಹಿಡಿದು ನಿಂತ ಮನೆಯ ಸೊಸೆಗೆ ಅಟ್ಟದಿಂದ ಸುಮಂಗಲಾಳ ಎರಡು ಕಾಲುಗಳಷ್ಟೇ ಹೊರಗೆ ಕಾಣುತ್ತಿದ್ದವು. ಉಳಿದ ಸುಮಂಗಲಾ ಕಬ್ಬಿಣದ ಟ್ರಂಕಿನೊಳಗೆ ಇದ್ದಳು.

ಕೆಳಗೆ ಮಂಚದ ಮೇಲೆ ಬಸಲಿಂಗಯ್ಯ ಮಾಸ್ತರರು ಎಲೆ ಅಡಿಕೆ ಹಾಕಿಕೊಂಡು ಕೂತಿದ್ದರು. ಬಬಲೇಶ್ವರದಲ್ಲಿ ಅವರ ಕತೆ ಓದದವರು ಸಿಗಬಹುದು, ಅವರ ಬೈಗುಳ ಕೇಳದವರು ಸಿಗಲಿಕ್ಕಿಲ್ಲ.

"ಎಷ್ಟ ಸಲ ನೋಡ್ತಿಯವ್ವಾ ಆ ಟ್ರಂಕ? ಕದ್ದಾಂವ ಅಲ್ಲಿ ತಿಕೋಟಾದಾಗ ಕುಂತು ಜಪಾ ಮಾಡಾಕತ್ತಾನ. ನೀ ಇಲ್ಲಿ ನನ್ನ ಅಟ್ಟದಾಗಿನ ಜೇಡಕ್ಕ ತ್ರಾಸ ಕೊಡಾಕತ್ತಿ."

"ಮೊದಲ ಚಾ ಕುಡೀರಿ. ಆಮ್ಯಾಲ ಬೈರಿ. ಆರಿ ಹೋಗ್ತೈತಿ," ಅಂದರು ಅವರ ಹೆಂಡತಿ ರುದ್ರವ್ವ.

"ಯಾವ್ದು? ಚಾ ಏನು, ಸಿಟ್ಟು?"

"ಎರಡೂ."

ತಿಕೋಟಾ ದಾಟಿ ಅಥಣಿ ರಸ್ತೆಯ ಮಗ್ಗುಲಲ್ಲಿ ಪುಟ್ಟ ಆಶ್ರಮ ಕಟ್ಟಿಕೊಂಡಿರುವ ಕ್ಯಾಥೊಲಿಕ್ ಸನ್ಯಾಸಿ, ಕತೆಗಾರ ಬ್ರದರ್ ಸಿರಿಲ್ ನಲವತ್ತು ವರ್ಷದಿಂದ ಮಾಸ್ತರರಿಗೆ ಬರೆದ ಪತ್ರಗಳು ಈ ಟ್ರಂಕಿನಿಂದ ಕಾಣೆಯಾಗಿದ್ದವು. ಕದ್ದವರು ಸಿರಿಲ್ಲರೇ ಎಂದು ಮಾಸ್ತರರ ಹಟ. ತಾನಲ್ಲ ಎಂದು ತೋರಿಸಿಕೊಡಲು ಸಿರಿಲ್ ಸ್ವಾಮಿಗಳೇ ಸುಮಂಗಲಾಳನ್ನು ಗೊತ್ತುಮಾಡಿದ್ದರು.

"ಪತ್ರ ಸಿಗದಿದ್ದರೂ ಚಿಂತೆ ಇಲ್ಲಮ್ಮ. ನನ್ನ ಗೆಳೆಯ ನನಗೆ ವಾಪಸ್ ಸಿಗಬೇಕು," ಎಂದಿದ್ದರು.

ಸುಮಂಗಲಾ ಹಿಂದೆ ಪೊಲೀಸ್ ಖಾತೆಯಲ್ಲಿದ್ದವಳು. ಈಗ ವಿಜಯಪುರದ ಸೊಲ್ಲಾಪುರ ರಸ್ತೆಯಲ್ಲಿ ಒಂದು ಟೈರಿನ ಅಂಗಡಿಯ ಮೇಲೆ ಸ್ವಂತ ಪತ್ತೆ ಕಚೇರಿ ಇಟ್ಟಿದ್ದಳು. ಕಳೆದ ದನ, ಓಡಿಹೋದ ಅಳಿಯ, ಮದುವೆಗೆ ಮುಂಚೆ ವರನ ಚಾಳಿ – ಎಲ್ಲ ಹುಡುಕಿಕೊಟ್ಟಿದ್ದಳು. ಗೆಳೆಯನನ್ನು ಹುಡುಕಿಕೊಡಿ ಎಂದು ಕೇಳಿದವರು ಇವರೇ ಮೊದಲು.

"ಮಾಸ್ತರ್ರ, ಸ್ವಾಮಿಗೋಳು ತಮ್ಮ ಪತ್ರ ತಾವ್ಯಾಕ ಕದೀತಾರ್ರಿ?" ಅಟ್ಟದೊಳಗಿಂದಲೇ ಕೇಳಿದಳು.

"ಆ ಪತ್ರದಾಗ ಹರೇದಾಗ ಯಾರ್ಯಾರ ಬರವಣಿಗಿ ಜಾಲಾಡಿ ಬೈದು ಬರದಾನ. ರವಿವಾರ ಸಭಾದಾಗ ನಮ್ಮಿಬ್ಬರ ಪತ್ರ ಎಲ್ಲ ಪುಸ್ತಕ ಆಗಿ ಹೊರಗ ಬರ್ತಾವಲ್ಲ, ಅದಕ್ಕ ಅಂಜ್ಯಾನ. ಇನ್ನೊಂದು ಸಾಕ್ಷಿ ಬೇಕೇನು? ಪ್ರತಿ ವರ್ಷ ಈ ಬ್ಯಾಸಗಿ ದಿನದಾಗ ಅವನ ಪತ್ರ ತಪ್ಪದ ಬರ್ತಿತ್ತು. ಈ ವರ್ಷ ಒಂದು ಚೂರು ಕಾಗದ ಬಂದಿಲ್ಲ. ಮನಸಿನಾಗ ಕಳ್ಳ ಇರದಿದ್ದರ ಬಾಯಿ ಯಾಕ ಮುಚ್ಚಿಕೊಂಡು ಕುಂದರ್ತಿದ್ದ?"

"ಫೋನ್ ಮಾಡಿ ಕೇಳಬೇಕಿತ್ತಿಲ್ರಿ?"

ಮಾಸ್ತರರು ಕೇಳಬಾರದ್ದನ್ನು ಕೇಳಿದವರಂತೆ ಮೇಲೆ ನೋಡಿದರು. "ಪತ್ರದ ಮಾತು ಪತ್ರದಾಗ. ಎದುರಾಎದುರು ಕುಂತಾಗಾಗ್ಲಿ, ಫೋನಿನಾಗಾಗ್ಲಿ ಅದರ ಸುದ್ದಿ ತಗೀಬಾರ್ದು. ಇದು ನಮ್ಮಿಬ್ಬರ ಕರಾರು. ನಲವತ್ತು ವರ್ಷ ಪಾಳಿಸೇವಿ. ಭೇಟಿ ಆದ್ರ ಬರೇ ಉಣ್ಣೂದು, ಮಳಿ ಸುದ್ದಿ, ಮೊಣಕಾಲ ಸುದ್ದಿ."

ಆಗಲೇ ಸುಮಂಗಲಾಳ ಕೈಗೆ ಟ್ರಂಕಿನ ತಳದಲ್ಲಿ ಮೆತ್ತಗಿನದೇನೋ ತಾಗಿತು. ಬಟ್ಟೆ. ನಾಲ್ಕು ಮಡಿಕೆ, ಅಂಚು ಒಳಗೆ, ಇಸ್ತ್ರಿ ಹಾಕಿದಷ್ಟು ನೇರ.

ಇಳಿದು ಬಂದು ಬಾಗಿಲ ಬೆಳಕಿಗೆ ಹಿಡಿದಳು. ಅಂಗೈ ಅಗಲದ ಕೆಂಪಿನ ನಂತರ ಬಟ್ಟೆ ಒಮ್ಮೆಲೇ ಬಿಳಿಚಿಕೊಂಡಿತ್ತು. ಯಾರೋ ನಡುವೆ ಗೆರೆ ಎಳೆದು, ಒಂದು ಕಡೆಯ ಬಣ್ಣವನ್ನಷ್ಟೇ ಹೀರಿ ಕುಡಿದಂತೆ.

"ಅಯ್ಯ ಶಿವನ!" ರುದ್ರವ್ವ ಹತ್ತಿರ ಬಂದರು. "ಇದು ಪತ್ರ ಕಟ್ಟಿದ್ದ ವಸ್ತ್ರ. ನಮ್ಮ ಮೊಮ್ಮಗಳು ಕಾವ್ಯಾನ ತೊಟ್ಟಲದಾಗ ಬಂದಿದ್ದ ಕುಬಸದ ಖಣ. ಅಪ್ಪಟ ಕೆಂಪು ಇತ್ತವ್ವಾ, ಕುಂಕುಮ ಇದ್ದಂಗ."

ಸುಮಂಗಲಾ ಮೂಗಿಗೆ ಹಿಡಿದಳು. ಆಗಷ್ಟೇ ಕಡ್ಡಿ ಗೀರಿ ಆರಿಸಿದಂಥ ಘಾಟು. ಮಾರ್ಚ್ ತಿಂಗಳಲ್ಲಿ ತಿಕೋಟಾ, ಬಬಲೇಶ್ವರದ ಕಡೆ ಗಾಳಿ ತಿರುಗಿದರೆ ಮನೆಮನೆಗೂ ಬರುವ ವಾಸನೆ ಅದು. ಒಣದ್ರಾಕ್ಷಿಯ ಶೆಡ್ಡುಗಳಲ್ಲಿ ಹಣ್ಣಿಗೆ ಹುಳ ಹತ್ತದಿರಲಿ, ಬಣ್ಣ ಬಂಗಾರದಂತಿರಲಿ ಎಂದು ಹಾಕುವ ಗಂಧಕದ ಹೊಗೆ.

ಕಳ್ಳರಿಗೆ ಅವಸರ ಇರುತ್ತದೆ. ಕದ್ದ ಮಾಲು ಒಯ್ದು, ಅದನ್ನು ಕಟ್ಟಿದ ಬಟ್ಟೆಯನ್ನು ಮರಳಿ ತಂದು, ಅಂಚು ಒಳಗೆ ಮಾಡಿ ಮಡಚಿಡುವ ಕಳ್ಳ ಎಲ್ಲಿದ್ದಾನೆ? ಸುಮಂಗಲಾ ಪಡಸಾಲೆಯ ಬೆಂಚಿನ ಕಡೆ ನೋಡಿದಳು. ಒಗೆದು ಒಣಗಿಸಿದ ಬಟ್ಟೆಗಳ ಒಟ್ಟಿಲು. ಎಲ್ಲ ನಾಲ್ಕು ಮಡಿಕೆ. ಎಲ್ಲದರ ಅಂಚು ಒಳಗೆ.

"ಈ ಮನ್ಯಾಗ ಬಟ್ಟಿ ಯಾರು ಮಡಚ್ತಾರ್ರಿ?"

"ನಮ್ಮ ಸೊಸಿ ಸೌಭಾಗ್ಯ. ಆಕಿ ಮಡಚಿದ್ರ ಲಾಂಡ್ರಿಯಾಂವ ನಾಚಬೇಕು," ರುದ್ರವ್ವನ ದನಿಯಲ್ಲಿ ಹೆಮ್ಮೆ. "ಸೌಭಾಗ್ಯಾ! ಎಲ್ಲಿ ಹೋದಿ ಬೇ?"

ಏಣಿಯ ಬುಡದಲ್ಲಿ ಯಾರೂ ಇರಲಿಲ್ಲ. ಹೊರಗೆ ಸ್ಕೂಟಿ ಚಾಲೂ ಆದ ಸದ್ದು ಕೇಳಿಸಿತು.

"ಮಸರು ತರಾಕ ಹೋಗಿರಬೇಕು."

"ಅವರ ತವರುಮನಿ ಯಾವ ಊರ್ರಿ?"

"ಕಳ್ಳಕವಟಗಿ. ಆಕಿ ಅಣ್ಣ ಸಂಗನಬಸವಂದು ದೊಡ್ಡ ದ್ರಾಕ್ಷಿ ತ್ವಾಟ. ಒಣಸೂ ಶೆಡ್ಡೂ ಐತಿ. ಮೊನ್ನಿನೂ ಡಬ್ಬಿ ತುಂಬ ಕಳಿಸ್ಯಾನ. ತಿಂತಿಯೇನು?"

"ಅಲ್ಲೇ ಹೋಗಿ ತಿಂತೀನ್ರಿ ಅಮ್ಮಾರ," ಸುಮಂಗಲಾ ಚಪ್ಪಲಿ ಮೆಟ್ಟಿದಳು.

*

ಅಯೂಬನ ಜೀಪು ಅವನಂತೆಯೇ. ನಿಂತಾಗಲೂ ಸದ್ದು, ಓಡುವಾಗಲೂ ಸದ್ದು. ಸುಮಂಗಲಾಳ ಕಚೇರಿ ತೆರೆದಾಗಿನಿಂದ ಅವನೇ ಡ್ರೈವರ್, ಅವನೇ ಸಲಹೆಗಾರ. ಸಲಹೆಗೆ ಯಾರೂ ಕೇಳಿರಲಿಲ್ಲ.

"ನಲವತ್ತು ವರ್ಷ ಪತ್ರ ಬರದಾರಂದ್ರ ಸಣ್ಣ ಮಾತಲ್ಲ ಮೇಡಂ. ನಮ್ಮ ಆಶಾಬಿ ಲಗ್ನ ಆದಾಗಿಂದ ನನಗ ಒಂದ ಪತ್ರ ಬರದಾಳ. ಅದೂ ಕಿರಾಣಿ ಚೀಟಿ."

"ನೀ ಏನ್ ಉತ್ತರ ಬರದಿ?"

"ಸಕ್ಕರಿ ಮರತು ಬಂದ್ನಿ. ಅದಕ್ಕ ಆಕಿ ಬಾಯಿಲೇ ಉತ್ತರ ಕೊಟ್ಲು."

ಫೋನು ಕುಣಿಯಿತು. ಪುಸ್ತಕ ಅಚ್ಚು ಹಾಕುತ್ತಿರುವ ಪ್ರೆಸ್ಸಿನ ಧೂಳಪ್ಪ. ಹೋದ ವಾರದವರೆಗೆ ಸುಮಂಗಲಾಳ ಅನುಮಾನವೆಲ್ಲ ಇವನ ಮೇಲಿತ್ತು. ಪುಸ್ತಕದ ಸುತ್ತ ಗದ್ದಲವಾದರೆ ಹೆಚ್ಚು ಪ್ರತಿ ಮಾರಾಟವಾಗುತ್ತವೆ ಎಂದು ಯಾರಿಗೋ ಹೇಳಿದ್ದನಂತೆ.

"ಮೇಡಂ, ರವಿವಾರ ಬಂತ್ರಿ! ಸ್ವಾಮಿಗೋಳು ಜೋಪಾನ ಇಟ್ಟಿದ್ದ ಮಾಸ್ತರ್ರ ಪತ್ರ ಅಷ್ಟೇ ಅಚ್ಚಾಗ್ಯಾವ. ಒಬ್ಬಾಂವ ಒದರಾಕತ್ತಾನ, ಎದುರಿನಾಂವಂದು ಸಪ್ಪಳಿಲ್ಲ. ಬಸ್ಸಿನಾಗ ಬಾಜೂಕಿನಾಂವ ಫೋನಿನಾಗ ಜಗಳಾಡೂದು ಕೇಳಿದಂಗ ಆಗೇದ. ಇಂಥಾ ಪುಸ್ತಕ ಯಾರ್ ಕೊಳ್ತಾರ್ರಿ?"

"ಎರಡೂ ಕಡಿ ದನಿ ಕೇಳಸ್ತೀನಿ, ತಡೀರಿ," ಎಂದು ಇಟ್ಟಳು. ಕದ್ದವನಿಗೆ ಇಷ್ಟು ಅಳು ಬರುವುದಿಲ್ಲ ಎಂದು ಮನಸ್ಸಿನ ಪಟ್ಟಿಯಿಂದ ಅವನನ್ನು ತೆಗೆದುಹಾಕಿದಳು.

ರಸ್ತೆಯ ಎರಡೂ ಬದಿ ದ್ರಾಕ್ಷಿಯ ಚಪ್ಪರ. ನಡುನಡುವೆ ಹಸಿರು ಪರದೆ ಕಟ್ಟಿದ ಉದ್ದುದ್ದ ಶೆಡ್ಡುಗಳು. ಅಯೂಬ ಗಾಳಿಯನ್ನು ಮೂಸಿ, "ಬಂತ್ರಿ ನಿಮ್ಮ ವಾಸನಿ," ಎಂದು ಜೀಪು ತಿರುಗಿಸಿದ.

*

ಸಂಗನಬಸವ ತುಂಬು ಮೈಯ, ತುಂಬು ನಗೆಯ ಮನುಷ್ಯ. ಸುಮಂಗಲಾ ಯಾರೆಂದು ಕೇಳುವ ಮೊದಲೇ ಅವಳ ಬೊಗಸೆಗೆ ಒಣದ್ರಾಕ್ಷಿ ಸುರಿದ.

"ತಿನ್ರಿ, ತಿನ್ರಿ. ನೋಡಾಕ ಬಂದವರು ತಿನ್ನಬೇಕು, ತಿಂದವರು ಒಯ್ಯಬೇಕು. ಎಷ್ಟ ಬಾಕ್ಸ್ ಬೇಕ್ರಿ?"

ಒಳಗೆ ಒಂದರ ಮೇಲೊಂದು ಜಾಲರಿಯ ಅಂತಸ್ತುಗಳು, ಅವುಗಳ ಮೇಲೆ ಸುಕ್ಕುಗಟ್ಟುತ್ತಿರುವ ದ್ರಾಕ್ಷಿ. ಮೂಲೆಯಲ್ಲಿ ಗಾಳಿ ಆಡದಂತೆ ಸುತ್ತ ತಾಡಪತ್ರಿ ಬಿಗಿದ ಸಣ್ಣ ಕೋಣೆ.

"ಹೊಗಿ ಅಲ್ಲೇ ಹಾಕೂದೇನ್ರಿ?"

"ಹೌದ್ರಿ. ರಾತ್ರಿ ಗಂಧಕ ಹಚ್ಚಿ ಮುಚ್ಚಿ ಬಿಟ್ರ, ಮುಂಜಾನಿ ತಗೀಬೇಕು. ವರ್ಷಗಟ್ಟಲೆ ಹುಳದ ಮಾತಿಲ್ಲ."

ಸುಮಂಗಲಾ ತನ್ನ ನೀಲಿ ಕರವಸ್ತ್ರ ತೆಗೆದಳು. "ಹಂಗಾದ್ರ ಇದನ್ನೂ ಒಂದೀಟು ಒಳಗ ಇಡ್ರಿ. ಟ್ರಂಕಿನಾಗ ಇಟ್ಟು ನುಸಿ ಹಿಡದಾವ."

"ಬ್ಯಾಡ್ರಿ, ಬಣ್ಣ ಹೋಗ್ತೈತಿ!" ಅಂದ ಅವನು.

"ಮತ್ತ ಪತ್ರಕ್ಕ ಯಾಕ ಹಾಕಿದ್ರಿ?"

"ಬಟ್ಟಿ ಬಣ್ಣ ಹೋಗ್ತೈತಿ ಅಂತ ಗೊತ್ತಿತ್ರಿ. ಅಕ್ಷರನೂ ಹೋಗ್ತಾವಂತ ಯಾರಿಗ್ ಗೊತ್ತಿತ್ತು…"

ಮಾತು ಬಾಯಿಂದ ಹೊರಬಿದ್ದ ಮೇಲೆ ಸಂಗನಬಸವ ಅದನ್ನು ವಾಪಸ್ ಹಿಡಿಯುವವನಂತೆ ಅಂಗೈಯಿಂದ ಬಾಯಿ ಮುಚ್ಚಿಕೊಂಡ.

ಅಯೂಬ ಬಾಯಿ ತುಂಬ ಒಣದ್ರಾಕ್ಷಿ ಇಟ್ಟುಕೊಂಡೇ ನಕ್ಕ. "ನಿಮ್ಮಂಥವ್ರು ಇರೂದಕ್ಕ ನಮ್ಮ ಮೇಡಂ ಧಂದೆ ನಡದೈತ್ರಿ ಯಜಮಾನ್ರ."

"ಅಣ್ಣಗೇನೂ ಅನಬ್ಯಾಡ್ರಿ."

ಬಾಗಿಲಲ್ಲಿ ಸೌಭಾಗ್ಯ. ಕೈಯಲ್ಲಿ ಸ್ಕೂಟಿಯ ಚಾವಿ, ಮುಖದ ತುಂಬ ರಸ್ತೆಯ ಧೂಳು. ಮಸರಿನ ಡಬ್ಬಿ ಇರಲಿಲ್ಲ.

"ನೀವು ನನಗಿಂತ ಮೊದಲ ಹೊಂಟವ್ರು. ಈಗ ಬರಾಕತ್ತೀರಲ್ರಿ?" ಅಂದಳು ಸುಮಂಗಲಾ.

"ದಾರ್‍ಯಾಗ ನಿಂತು ಅತ್ತೆ. ಅತ್ತು ಮುಗಿಸಿ ಬರೂದರಾಗ ನಿಮ್ಮ ಜೀಪು ಮುಂದ ಹೋತು."

"ಪತ್ರ ಒಯ್ದವರು ನೀವ?"

"ನಾನ."

"ಮಾರಾಕ?"

"ಮಾರಾಕ?" ಸೌಭಾಗ್ಯಳ ಕಣ್ಣು ಕೆಂಪಾದವು. "ಲಗ್ನ ಆಗಿ ಬಂದಾಗ ಆ ಮನ್ಯಾಗ ಎಲ್ಲರೂ ಮಧ್ಯಾಹ್ನ ಮಲಗವರು, ನನಗ ನಿದ್ದಿ ಬರ್ತಿದ್ದಿಲ್ಲ. ಅಟ್ಟ ಹತ್ತಿ ಒಂದೊಂದ ಪತ್ರ ಓದ್ತಿದ್ದೆ. ಸ್ವಾಮಿಗೋಳು ಎಷ್ಟ ಚಂದ ಜಗಳಾಡ್ತಾರ್ರಿ! ಅವನ್ನ ಓದೇ ನಾ ಆ ಮನ್ಯಾಗ ನಗಾಕ ಕಲ್ತೆ. ಪುಸ್ತಕ ಆಗ್ತಾವಂತ ಗೊತ್ತಾದಾಗ ತಗದು ನೋಡಿದ್ರ, ಹುಳ ತಿಂದು ತೂತು ಬಿದ್ದಾವ. ಜೀವ ಚುರ್ ಅಂತು."

"ಅದಕ್ಕ?"

"ದ್ರಾಕ್ಷಿಗೆ ಹುಳ ಹತ್ತಬಾರ್ದಂತ ಹೊಗಿ ಹಾಕ್ತೀವಿ. ಕಾಗದಕ್ಕೂ ಹತ್ತಬಾರ್ದಂತ ಹಾಕಿಸಿದೆ." ಅವಳು ಹನಿಗಣ್ಣಲ್ಲೇ ನಕ್ಕಳು. "ನಾ ದ್ರಾಕ್ಷಿ ಮನ್ಯಾಕಿ. ನನಗ ಜೋಪಾನ ಮಾಡೂದಂದ್ರ ಅದೊಂದ ಗೊತ್ತು."

ಆ ರಾತ್ರಿ ಆಗಷ್ಟೇ ತೊಳೆದ ಹಸಿ ಹಣ್ಣೂ ಅದೇ ಕೋಣೆಯಲ್ಲಿತ್ತಂತೆ. ತೇವಕ್ಕೆ ಹೊಗೆ ಕಾಗದಕ್ಕೆಲ್ಲ ಕಚ್ಚಿಕೊಂಡಿತ್ತು. ಬೆಳಿಗ್ಗೆ ತಾಡಪತ್ರಿ ಸರಿಸಿದರೆ, ಜಾಲರಿಯ ತುಂಬ ಬಿಳಿ ಹಾಳೆಗಳು. ಖಣದಲ್ಲೂ ತಾಡಪತ್ರಿಯ ಸಂದಿನಿಂದ ಹೊರಗೆ ಚಾಚಿದ್ದ ಭಾಗವಷ್ಟೇ ಕೆಂಪಗೆ ಉಳಿದಿತ್ತು.

"ಅವತ್ತ ಯಾಕ ಹೇಳಲಿಲ್ರಿ?"

"ಹೇಳಬೇಕಂತ ಮನಿಗೆ ಬಂದೆ. ಆಗಲೇ ಮಾವಾರು ಟ್ರಂಕ ತಗದು ನೋಡಿ ಊಟ ಬಿಟ್ಟಿದ್ರು. ಆಮ್ಯಾಲ ಸ್ವಾಮಿಗೋಳನ್ನ ಬೈಯಾಕ ಹತ್ತಿದ್ರು. ಬೈಯಾಕ ಹತ್ತಿದ ಮ್ಯಾಲೆ ಉಂಡ್ರು. ಉಣ್ಣಲಿ, ನಾಳೆ ಹೇಳೂಣು ಅಂತ ಬಿಟ್ಟೆ. ನಾಳೆಗೆ ಸ್ವಾಮಿಗೋಳಿಗೆ ಹೊಸಲು ತುಳೀಬ್ಯಾಡ ಅಂತ ಹೇಳಿ ಕಳಿಸಿಬಿಟ್ಟಿದ್ರು. ಅಲ್ಲಿಂದ ನನ್ನ ಬಾಯಿಗೇ ಯಾರೋ ತಾಡಪತ್ರಿ ಬಿಗದಂಗಾತು."

ಸಂಗನಬಸವ ಒಳಗಿಂದ ಒಣದ್ರಾಕ್ಷಿಯ ರಟ್ಟಿನ ಡಬ್ಬಿ ತಂದಿಟ್ಟ. ಸುಮಂಗಲಾ ಮುಚ್ಚಳ ತೆಗೆದಳು. ಹಾಳೆಯ ಮೇಲೆ ಹಾಳೆ, ಎಲ್ಲ ಬೆಳ್ಳಗೆ. ಓರೆಯಾಗಿ ಹಿಡಿದರೆ ನಿಬ್ಬು ಒತ್ತಿದ ಗೀರುಗಳು ಅಲ್ಲೊಂದು ಇಲ್ಲೊಂದು ಕಾಣುತ್ತಿದ್ದವು, ಓದಲು ಬರುವಷ್ಟಲ್ಲ.

ಆದರೆ ಅಡಿಯಲ್ಲಿ ಕೆಲವು ಹಾಳೆಗಳಲ್ಲಿ ಅಕ್ಷರ ನಿಚ್ಚಳವಾಗಿ ನಿಂತಿತ್ತು. ಗುಂಡು ಗುಂಡಾದ ಬರಹ, ಕೊನೆಗೆ 'ನಿನ್ನ ಸಿರಿಲ್'.

"ಇವು ಬ್ಯಾರೆ ಕಡೆ ಇದ್ದುವೇನ್ರಿ?"

"ಇಲ್ರಿ, ಎಲ್ಲಾ ಒಂದ ಜಾಲರಿ ಮ್ಯಾಲೆ ಹರವಿದ್ದೆ," ಅಂದಳು ಸೌಭಾಗ್ಯ. "ಇವಷ್ಟು ಹ್ಯಾಂಗ ಉಳದ್ವೋ, ದೇವರ ಬಲ್ಲ."

ಸುಮಂಗಲಾ ಆ ಹಾಳೆಗಳನ್ನು ಬೇರೆ ಮಾಡಿ ಚೀಲದಲ್ಲಿ ಇಟ್ಟುಕೊಂಡಳು. "ದೇವರನ್ನ ಆಮ್ಯಾಲ ಕೇಳೂಣು. ಮೊದಲ ಸ್ವಾಮಿಗೋಳು. ಜೀಪ್ ಹತ್ತರಿ."

*

ಸಿರಿಲ್ ಸ್ವಾಮಿ ಆಶ್ರಮದ ಹಿತ್ತಿಲಲ್ಲಿ ಬದನೆ ಗಿಡಗಳಿಗೆ ನೀರು ಹಾಕುತ್ತಿದ್ದರು. ಸಣ್ಣ ಮೈ, ಕಂದು ನಿಲುವಂಗಿ, ಮೊಣಕಾಲಿನವರೆಗೆ ಕೆಸರು. ಸೌಭಾಗ್ಯ ಅಳುತ್ತ ಹೇಳಿದ್ದನ್ನೆಲ್ಲ ಕೇಳಿದರು. ಒಂದು ಬಿಳಿ ಹಾಳೆ ಎತ್ತಿ ಹಿಂದೆ ಮುಂದೆ ತಿರುಗಿಸಿದರು. ಆಮೇಲೆ ನಗಲು ಶುರುಮಾಡಿದವರು ನೀರಿನ ಕೊಡದ ಮೇಲೆ ಕೂತೇ ಬಿಟ್ಟರು.

"ನನ್ನ ಬರವಣಿಗೆಗೆ ಇಷ್ಟು ವರ್ಷದಲ್ಲಿ ಇದಕ್ಕಿಂತ ನೇರ ವಿಮರ್ಶೆ ಬಂದಿರಲಿಲ್ಲ ಮಾರಾಯ್ತಿ!"

"ಸಿಟ್ಟಿಲ್ಲೇನ್ರಿ ಸ್ವಾಮಿಗೋಳ?"

"ನೀನು ಓದಿದೀಯಲ್ಲ ಮಗಳೇ. ಪತ್ರ ಬರೆಯೋದು ಒಬ್ಬರು ಓದಲಿ ಅಂತ. ನನಗೆ ಇಬ್ಬರು ಓದುಗರಿದ್ದರು ಅಂತ ಇವತ್ತು ಗೊತ್ತಾಯಿತು." ಕೈ ತೊಳೆದು ಎದ್ದರು. "ನಡೀರಿ. ಆ ಮುದುಕ ಇನ್ನೂ ಎಷ್ಟು ದಿನ ಉಪವಾಸ ಬಿಟ್ಟು ಬೈಗಳ ಮೇಲೆ ಬದುಕ್ತಾನೆ, ನೋಡೋಣ."

ದಾರಿಯಲ್ಲಿ ಆ ಗೆಳೆತನ ಹೇಗೆ ಶುರುವಾಯಿತೆಂದು ಅಯೂಬ ಕೇಳಿದ. ಕರಾವಳಿಯಿಂದ ಹೊಸದಾಗಿ ಬಂದಿದ್ದ ಸ್ವಾಮಿ ಈ ಕಡೆಯ ರೈತನೊಬ್ಬನ ಕತೆ ಬರೆದಿದ್ದರು. ಆ ರೈತ ಕಡಲ ತಡಿಯವನಂತೆ ಮಾತಾಡಿದ್ದ. ಪರಿಚಯವೇ ಇಲ್ಲದ ಮಾಸ್ತರರಿಂದ ಪತ್ರ ಬಂತು: ನಿನ್ನ ರೈತನ್ನ ನನ್ನ ಮನಿಗೆ ಕಳಸು, ಮಾತು ಕಲಿಸಿ ವಾಪಸ್ ಕಳಸ್ತೀನಿ.

"ನಾನೇ ಹೋದೆ. ಈವರೆಗೂ ಪೂರ್ತಿ ಕಲಿಸಿ ಮುಗಿಸಿಲ್ಲ ಅವನು."

*

ಬಬಲೇಶ್ವರದ ಮನೆಯ ಪಡಸಾಲೆಯಲ್ಲಿ ಮಾಸ್ತರರು ಎದ್ದು ನಿಂತಿದ್ದರು.

"ನನ್ನ ಹೊಸಲು ತುಳೀಬ್ಯಾಡ ಅಂದಿದ್ನಿ."

"ತುಳಿದಿಲ್ಲ. ದಾಟಿ ಬಂದೆ," ಅಂದರು ಸಿರಿಲ್ ಸ್ವಾಮಿ.

ರುದ್ರವ್ವ ಸೆರಗಿನಲ್ಲಿ ನಗು ಮುಚ್ಚಿಕೊಂಡರು. ಸೌಭಾಗ್ಯ ರಟ್ಟಿನ ಡಬ್ಬಿಯನ್ನು ಮಾವನ ಮುಂದಿಟ್ಟು, ಏನೂ ಬಿಡದೆ, ಏನೂ ಸೇರಿಸದೆ ಹೇಳಿದಳು. ಹೇಳಿ ಮುಗಿಸಿ ತಲೆ ತಗ್ಗಿಸಿ ನಿಂತಳು.

ಮಾಸ್ತರರು ಒಂದು ಬಿಳಿ ಹಾಳೆ ಎತ್ತಿಕೊಂಡರು.

ಮೂಲೆಯಲ್ಲೊಂದು ಎಣ್ಣೆಯ ಕಲೆ. ಹೆಬ್ಬೆರಳಿನಿಂದ ಸವರಿದರು.

"ಇದು… ಬಜಿ ತಿನ್ಕೋತ ಓದಿದ್ದು. 'ನಿನ್ನ ಕತೆಯ ಮೊದಲೆರಡು ಪುಟ ಹರಿದು ಒಲೆಗೆ ಹಾಕು. ಕತೆ ಇರುವುದು ಮೂರನೆಯ ಪುಟದಿಂದ.'"

"'ಮೊದಲೆರಡು ಪುಟದಲ್ಲಿ ನೀನು ಕನ್ನಡಕ ಒರೆಸಿಕೊಳ್ಳುತ್ತಿದ್ದೆ, ಅಷ್ಟೇ,'" ಸಿರಿಲ್ ಸ್ವಾಮಿ ಮುಂದಿನ ಸಾಲು ಹೇಳಿದರು.

"ಸೊಕ್ಕು ನೋಡು! ಅದಕ್ಕ ನಾ ಬರದೆ, 'ನಿನ್ನ ಕತೆಯಲ್ಲಿ ಊಟಕ್ಕೆ ಕೂತವರು ಎಂದೂ ಕೈ ತೊಳೆಯುವುದಿಲ್ಲ…'"

"ಅದು ಆ ಪತ್ರಕ್ಕ ಉತ್ತರ ಅಲ್ರಿ ಮಾವಾರ," ಸೌಭಾಗ್ಯ ತಲೆ ಎತ್ತದೆಯೇ ಅಂದಳು. "ಅದು ಮುಂದಿನ ದೀಪಾವಳಿಗೆ ಬರದದ್ದು. ಆ ಪತ್ರದಾಗ ಮಾವಿನಕಾಯಿ ಉಪ್ಪಿನಕಾಯಿ ಸುದ್ದಿ ಬರ್ತೈತಿ."

ಇಬ್ಬರು ಮುದುಕರೂ ಅವಳ ಕಡೆ ತಿರುಗಿದರು.

"ಎಷ್ಟ ಪತ್ರ ಬಾಯಿಪಾಠ ಐತಿ ನಿನಗ?" ಮಾಸ್ತರರ ದನಿ ಮೆತ್ತಗಾಗಿತ್ತು.

"ನೀವು ಮಧ್ಯಾಹ್ನ ಬಾಳ ಹೊತ್ತು ಮಲಗ್ತೀರ್ರಿ."

ಮೊದಲು ಅಯೂಬ ನಕ್ಕ. ಆಮೇಲೆ ಮಾಸ್ತರರು ಎಲೆ ಅಡಿಕೆ ನೆತ್ತಿಗೇರುವಂತೆ ನಕ್ಕರು. ಸಿರಿಲ್ ಸ್ವಾಮಿ ಅವರ ಬೆನ್ನು ಗುದ್ದಿದರು, ಮಾಸ್ತರರು ಆ ಕೈಯನ್ನೇ ಹಿಡಿದುಕೊಂಡು ಬಿಡಲಿಲ್ಲ.

"ತಪ್ಪಾತಲೇ ಸಿರಿಲಾ. ನಿನ್ನ ಕಳ್ಳ ಅಂದೆ."

"ಕತೆ ಕದ್ದಿದ್ದೀಯ ಅನ್ನಲಿಲ್ಲವಲ್ಲ. ಅಷ್ಟು ಸಾಕು."

"ಹಂಗಾದ್ರ ಮೂರೂ ಮಂದಿ ಕುಂತು ಹೇಳ್ರಿ, ಸೌಭಾಗ್ಯ ಬರಕೊಳ್ಳಲಿ. ರವಿವಾರದ ತನಕ ನಾ ಚಾ ಮಾಡಿ ಮಾಡಿ ಕೊಡ್ತೀನಿ," ರುದ್ರವ್ವ ಅಲ್ಲೇ ತೀರ್ಪು ಕೊಟ್ಟರು.

ಇಲ್ಲಿಗೆ ಬಿಡಬಹುದಿತ್ತು ಎಂದು ಸುಮಂಗಲಾಳಿಗೂ ಅನಿಸಿತು. ಕೇಳಿದ ಗೆಳೆಯ ಸಿಕ್ಕಿದ್ದ. ಆದರೆ ಚೀಲದಲ್ಲಿದ್ದ ಆ ಹಾಳೆಗಳು ಅವಳನ್ನು ಬಿಡುತ್ತಿರಲಿಲ್ಲ.

"ಮಾಸ್ತರ್ರ, ಇವಷ್ಟು ಅಳಿಸಿಲ್ಲ ನೋಡ್ರಿ."

"ಇವಾ?" ಮಾಸ್ತರರ ಮುಖ ಅರಳಿತು. ಹಾಳೆಗಳನ್ನು ಎದೆಗೆ ಹಿಡಿದುಕೊಂಡರು. "ಇವು ಉಳದಾವಲ್ಲ, ಸಾಕು! ಸಿರಿಲಾ, ನಿನ್ನ ಎಲ್ಲಾ ಪತ್ರ ಒಂದು ತೂಕ, ಇವು ಒಂದು ತೂಕ. ಬ್ಯಾರೆ ಪತ್ರದಾಗ ನೀ ನನ್ನ ತಿದ್ದಿದಿ. ಇದರಾಗ ನನ್ನ ಕೈ ಹಿಡದಿ. ಇಲ್ನೋಡು: 'ನಿನ್ನ ಪಾತ್ರಗಳನ್ನು ಒಮ್ಮೆ ನಗಲು ಬಿಡು ಬಸಲಿಂಗಯ್ಯ, ಅವರೇನೂ ನಿನ್ನ ತರಗತಿಯ ಹುಡುಗರಲ್ಲ.' ಇದನ್ನ ಓದಿದ ಮ್ಯಾಲೆ ನಾ ಬರಿಯೂದ ಬ್ಯಾರೆ ಆತು. ಈ ಮಾತು ಎದುರಿಗೆ ಹೇಳಬಾರ್ದಂತ ಕರಾರಿತ್ತು, ಇವತ್ತು ಮುರೀತೀನಿ."

ಸಿರಿಲ್ ಸ್ವಾಮಿ ಹಾಳೆ ಇಸಿದುಕೊಂಡು ಓದಿದರು. ಎರಡನೆಯದನ್ನೂ ಓದಿದರು. ಸುಮಂಗಲಾ ಅವರ ಮುಖವನ್ನೇ ನೋಡುತ್ತಿದ್ದಳು. ಹೊಗಳಿಕೆ ಸುಮ್ಮನೆ ನುಂಗಿಕೊಂಡಿದ್ದರೆ ಯಾರಿಗೂ ಏನೂ ಗೊತ್ತಾಗುತ್ತಿರಲಿಲ್ಲ.

"ಬಹಳ ಚೆನ್ನಾಗಿದೆ," ಅಂದರು ಸ್ವಾಮಿ ನಿಧಾನವಾಗಿ. "ನ್ಯಾಯವಾಗಿ ನಾನೇ ಬರೆಯಬೇಕಿತ್ತು. ಆದರೆ ಇದು ನಾನು ಬರೆದದ್ದಲ್ಲ."

"ಹುಚ್ಚಿದ್ದೀಯೇನು? ನಿನ್ನ ಅಕ್ಷರ, ನಿನ್ನ ಸಹಿ!"

"ಅಕ್ಷರ ನನ್ನದರ ಹಾಗಿದೆ. ತಾರೀಕು ನೋಡು. ಎಲ್ಲ ಮಾರ್ಚ್, ಏಪ್ರಿಲ್. ನಮಗದು ತಪಸ್ಸಿನ ಕಾಲ. ಈಸ್ಟರ್ ಹಬ್ಬ ಬರುವ ತನಕ ನಾನು ಯಾರಿಗೂ ಪತ್ರ ಬರೆಯುವುದಿಲ್ಲ. ಸನ್ಯಾಸ ತಗೊಂಡಾಗಿನ ನೇಮ ಅದು. ಈ ವರ್ಷವೂ ಅದಕ್ಕೇ ಬರೆದಿಲ್ಲ."

ಸುಮಂಗಲಾ ಮಾತು ಸೇರಿಸಿದಳು. "ನಿಮ್ಮ ಪೆನ್ನಿನ ಶಾಯಿ ಹೊಗೀಗೆ ಅಳಿಸೈತಿ. ಈ ಶಾಯಿ ಅಳಿಸಿಲ್ಲ. ಬರದ ಕೈ ಎರಡು."

"ಮತ್ತ ನಾ ಇವಕ್ಕೆಲ್ಲ ಉತ್ತರ ಬರದೇನಲ್ಲೋ! ಅವು ಬಂದು ಮುಟ್ಟಿದಾಗ ನಿನಗೇನೂ ಅನಸಲಿಲ್ಲೇನು?"

"ಹಬ್ಬ ಆದಮೇಲೆ ಒಟ್ಟಿಗೆ ಒಡೆದು ಓದ್ತಿದ್ದೆ. ನಾನು ಕೇಳದ ಪ್ರಶ್ನೆಗೆಲ್ಲ ಉತ್ತರ ಕೊಟ್ಟಿರ್ತಿದ್ದೆ ನೀನು. ದೊಡ್ಡ ಬರಹಗಾರ, ಹೀಗೇ ಇರ್ತಾನೆ ಅಂತ ಬಿಟ್ಟೆ. ಎದುರಿಗೆ ಕೇಳೋಣ ಅಂದರೆ ಕರಾರು."

ಮಾಸ್ತರರು ಗೆಳೆಯನ ಕೈ ಹಿಡಿದು ಎಳೆದು ಮಂಚದ ಮೇಲೆ ಪಕ್ಕಕ್ಕೆ ಕೂರಿಸಿಕೊಂಡರು. ಗೆಳೆಯನ ಮುಖ ನೋಡಿದರು, ಹಾಳೆ ನೋಡಿದರು. "ಹಂಗಾದ್ರ ನಾ ಇಷ್ಟು ವರ್ಷ ಬ್ಯಾಸಗ್ಯಾಗ ಯಾರ ಕೂಡ ಗೆಳೆತನ ಮಾಡೇನಿ?"

ಹೊರಗೆ ಸೈಕಲ್ ಗಂಟೆ ಕೇಳಿಸಿತು. ಪೋಸ್ಟ್‌ಮನ್ ಮೌಲಾಸಾಬ. ಹೊಸಲಲ್ಲಿ ನಿಂತು, ಒಳಗೆ ಕೂತವರನ್ನು ಸರಿಯಾಗಿ ನೋಡದೆಯೇ ಖುಷಿಯಿಂದ ಕೂಗಿದ:

"ಮಾಸ್ತರ್ರ, ಬೈಯೂದು ಬಿಡ್ರಿ ಇನ್ನ! ನಿಮ್ಮ ಸಿರಿಲ್ ಸ್ವಾಮಿಗೋಳ ಪತ್ರ ಬಂತ್ ನೋಡ್ರಿ!"

ಮೌಲಾಸಾಬ ಆಗ ಸ್ವಾಮಿಯನ್ನು ಕಂಡ. ಕೈಯಲ್ಲಿನ ಲಕೋಟೆ ಕಂಡ. "ನೀವೂ ಬಂದೀರಿ, ಪತ್ರನೂ ಬಂದೈತಿ," ಎಂದು ಗೊಣಗಿ, ಅದನ್ನು ಸುಮಂಗಲಾಳ ಕೈಗಿತ್ತ.

ವಿಜಯಪುರದ ಮುದ್ರೆ. ಮೊನ್ನೆಯದು. ಮೊನ್ನೆ ಆ ರಟ್ಟಿನ ಡಬ್ಬಿ ಇನ್ನೂ ಕಳ್ಳಕವಟಗಿಯ ಶೆಡ್ಡಿನಲ್ಲಿತ್ತು.

"ಒಡೀರಿ," ಸಿರಿಲ್ ಸ್ವಾಮಿಯ ಕಣ್ಣು ಹಬ್ಬದ ದಿನದ ಹಾಗೆ ಹೊಳೆಯುತ್ತಿದ್ದವು. "ನಾನೇನು ಬರೆದಿದ್ದೇನೆ, ನನಗೂ ತಿಳಿಯಲಿ."

ಸುಮಂಗಲಾ ಒಡೆದು ಓದಿದಳು. ಅದೇ ಗುಂಡು ಗುಂಡಾದ ಅಕ್ಷರ.

"'ಪ್ರಿಯ ಬಸಲಿಂಗಯ್ಯ, ಬಿಳಿಯಾಗಿ ಹೋದ ಪತ್ರಗಳಿಗಾಗಿ ಮರುಗಬೇಡ. ಸೌಭಾಗ್ಯಳನ್ನು ಗದರಬೇಡ. ಒಂದೊಂದರ ನಕಲೂ ನನ್ನ ಹತ್ತಿರ ಇದೆ. ರವಿವಾರ ಸಭೆಗೆ ನಾನೇ ತರುತ್ತೇನೆ. ಮುಂದಿನ ಸಾಲಿನಲ್ಲಿ ಒಂದು ಕುರ್ಚಿ ಹಿಡಿದಿಡು. ನಿನ್ನ ಸಿರಿಲ್.'"

ಸುಮಂಗಲಾ ಸೌಭಾಗ್ಯಳ ಕಡೆ ನೋಡಿದಳು. ಪತ್ರ ಬಿಳಿಯಾದ ಸುದ್ದಿ ಮೊನ್ನೆ ಈ ಅಣ್ಣ ತಂಗಿಯನ್ನು ಬಿಟ್ಟು ಯಾರಿಗೂ ಗೊತ್ತಿರಲಿಲ್ಲ.

"ನಾ ಯಾರಿಗೂ ಹೇಳಿಲ್ರಿ! ಅಣ್ಣನೂ ಹೇಳಿಲ್ಲ, ಅವ್ನ ಕೈಯಾಗ ದೇವರ ಬಂಡಾರ ಹಿಡಿಸಿ ಆಣಿ ತಗೊಂಡೇನಿ!"

ಬಸಲಿಂಗಯ್ಯ ಮಾಸ್ತರರು ಪಕ್ಕದಲ್ಲಿ ಕೂತ ಸಿರಿಲ್ ಸ್ವಾಮಿಯ ಮುಂಗೈಯನ್ನು ಇನ್ನಷ್ಟು ಬಿಗಿಯಾಗಿ ಹಿಡಿದುಕೊಂಡರು.

"ನೀ ಇಲ್ಲೇ ಕುಂತಿ," ಅಂದರು. "ಹಂಗಾದ್ರ ರವಿವಾರ ಆ ಕುರ್ಚಿಗೆ ಬರೂ ಸಿರಿಲ್ ಯಾರಲೇ?"